ನಮ್ಮ ಕಡೀ ಅಡ್ಡಹೆಸರು: ಮಾಲಿಪಾಟೀಲ, ವಾಲೀಕಾರ, ಬಿರಾದಾರ, ಮಠಪತಿ ಎಲ್ಲಿಂದ ಬಂದವು?

ತೊಗರಿ ಕಣಜ

ಕಲಬುರಗಿ, ಬೀದರ, ಯಾದಗಿರಿ ಮೂರೂ ಜಿಲ್ಲೆಯ ಅಡ್ಡಹೆಸರು, ಇಟ್ಟ ಹೆಸರು ಎರಡರ ಬಗ್ಗೆನೂ ಒಂದೇ ಕಡೆ ಮಾತಾಡೋಣ ಅಂತ ಕೇಳ್ತಿದೀನಿ. ಮೊಬೈಲಿನಾಗ ಹುಡುಕಿದರ ಸಿಗೋ ಪಟ್ಟಿಗಳು ನಂಬೋ ಹಂಗಿಲ್ಲ. ಮಾಲಿಪಾಟೀಲ ಅಂದ್ರ ತೋಟದ ಮಾಲಿಗಳ ಪಾಟೀಲ ಅಂತ ಒಂದು ಕಡೆ ಅದ. ವಾಲೀಕಾರ ಅಂದ್ರ ರಾಮಾಯಣದ ವಾಲಿ ವಂಶ ಅಂತ ಇನ್ನೊಂದು ಕಡೆ. ಹುಡುಗರು ಇದನ್ನೇ ಓದಿ ಸಾಲಿ ಪ್ರಾಜೆಕ್ಟಿನಾಗ ಬರದು ಕೊಡ್ತಾರ.

ಕೇಳೋದು ಮೂರು. ಒಂದು, ಇವುಗಳ ಮೂಲ ಏನು? ಎರಡು, ಒಂದೇ ಮನೆತನದ ಹೆಸರು ಪಹಣಿಯಾಗ ಒಂದು, ಮಾರ್ಕ್ಸ್ ಕಾರ್ಡಿನಾಗ ಇನ್ನೊಂದು ಯಾಕಿರ್ತದ? ಮೂರು, ಹೊಸದಾಗಿ ಹುಟ್ಟಿದ ಕೂಸಿನ ಹೆಸರು ದಾಖಲೆಗೆ ಹಾಕಬೇಕಾದ್ರ ಏನೇನು ನೋಡ್ಕೋಬೇಕು? ಗೊತ್ತಿದ್ದವರು ಬಿಡಿಸಿ ಬರೀರಿ.

ಹಳೇ ದಫ್ತರ

ಮಾಲಿಪಾಟೀಲದಿಂದ ಶುರು ಮಾಡೋಣ, ಅತಿ ಹೆಚ್ಚು ತಪ್ಪು ಅರ್ಥ ಹಬ್ಬಿರುವುದು ಅದರ ಬಗ್ಗೆಯೇ.

1948ರವರೆಗೆ ನಮ್ಮ ಮೂರೂ ಜಿಲ್ಲೆಯ ನೆಲ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಆಗ ಬೀದರ, ಗುಲ್ಬರ್ಗಾ ಅಂತ ಎರಡೇ ಜಿಲ್ಲೆ. ಯಾದಗಿರಿ ಬೇರೆಯಾದದ್ದು ತೀರಾ ಈಚೆಗೆ. ಸಂಸ್ಥಾನದ ಹಳ್ಳಿಯಲ್ಲಿ ಮೂವರು ವಂಶಪಾರಂಪರ್ಯದ ಅಧಿಕಾರಿಗಳು. ಮಾಲಿ ಪಟೇಲ ಕಂದಾಯ ವಸೂಲಿ ಮಾಡುವವನು. ಪೊಲೀಸ್ ಪಟೇಲ ಬಂದೋಬಸ್ತು ನೋಡುವವನು. ಪಟವಾರಿ ಲೆಕ್ಕ ಬರೆಯುವವನು. 'ಮಾಲ್' ಅರಬ್ಬಿ ಮಾತು: ಸೊತ್ತು, ಹಣ, ಅದರಿಂದ ಕಂದಾಯ. ಮಾಲಗುಜಾರಿ, ಮಾಲಖಾನೆ, ಮಾಲೀಕ ಎಂಬುವುಗಳಲ್ಲಿ ಮೊದಲ ಎರಡರಲ್ಲಿ ಇರುವುದೇ ಈ ಮಾಲ್. ಮಾಲೀಕ ಮಾತ್ರ ಬೇರೆ ಧಾತುವಿನದು, ಬೆರೆಸಬೇಡಿ. ತೋಟದ ಮಾಲಿ ಬಂದದ್ದು ಸಂಸ್ಕೃತದ 'ಮಾಲೆ'ಯಿಂದ. ಕನ್ನಡದಲ್ಲಿ ಬರೆದಾಗ ಎರಡೂ ಒಂದೇ ಥರ ಕಾಣುತ್ತವೆ, ನಂಟು ಏನೂ ಇಲ್ಲ.

ಈಗಲೂ ಎಷ್ಟೋ ಹಳ್ಳಿಗಳಲ್ಲಿ ಒಂದು ಓಣಿಯವರು ಮಾಲಿಪಾಟೀಲ, ಪಕ್ಕದ ಓಣಿಯವರು ಪೊಲೀಸ್ ಪಾಟೀಲ. ಕೆಲವೆಡೆ ಅವರು ಅಣ್ಣತಮ್ಮಕಿಯವರೇ, ವತನ, ಅಂದರೆ ವಂಶಪಾರಂಪರ್ಯದ ಹುದ್ದೆಯ ಹಕ್ಕು, ಹಂಚಿಕೊಂಡಾಗ ಹೆಸರೂ ಹಂಚಿಹೋಯಿತು. 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆಯಿಂದ ಹುದ್ದೆ ಹೋಯಿತು, ಹೆಸರು ಉಳಿಯಿತು. 'ಪಾಟೀಲ' ಮಾತ್ರ ಅರಬ್ಬಿಯದಲ್ಲ. ಹಳೇ ತಾಮ್ರಪಟಗಳ 'ಪಟ್ಟಕಿಲ'ದಿಂದ ಬಂದದ್ದು.

ಇದರ ಜೊತೆಗೆ ಕುಲಕರ್ಣಿ. 'ಕುಲ'ಕ್ಕೂ ಕರ್ಣನಿಗೂ ಸಂಬಂಧವಿಲ್ಲ. ಕುಳ ಅಂದರೆ ಕಂದಾಯ ಕೊಡುವ ಒಕ್ಕಲು, ಕರಣ ಅಂದರೆ ಬರೆಯುವವನು. ಕುಳವಾರು ಲೆಕ್ಕ ಇಡುವವನೇ ಕುಲಕರ್ಣಿ. ಹಳ್ಳಿ ಮಟ್ಟದಲ್ಲಿ ಪಾಟೀಲ–ಕುಲಕರ್ಣಿ ಜೋಡಿ ಇದ್ದ ಹಾಗೆ ಪರಗಣೆ ಮಟ್ಟದಲ್ಲಿ ದೇಶಮುಖ–ದೇಶಪಾಂಡೆ ಜೋಡಿ. ಒಬ್ಬ ಯಜಮಾನ, ಒಬ್ಬ ಲೆಕ್ಕಿಗ.

ಇನಾಮದಾರ, ಜಾಗೀರದಾರ, ಜಮಾದಾರ, ಮುಜುಮದಾರ ಎಂಬುವುಗಳ ಬಾಲ ಪಾರಸಿಯ 'ದಾರ್', ಅಂದರೆ ಹೊಂದಿದವನು. ಹೂಗಾರ, ವಾಲೀಕಾರ ಎಂಬುವುಗಳ 'ಗಾರ, ಕಾರ' ಸಂಸ್ಕೃತದ್ದು, ಮಾಡುವವನು. ಕಿವಿಗೆ ಹತ್ತಿರ ಕೇಳಿಸುತ್ತವೆ, ಒಂದರ ಜಾಗದಲ್ಲಿ ಇನ್ನೊಂದನ್ನು ಇಟ್ಟು ಅರ್ಥ ಹೇಳಬಾರದು.

ಸಗರನಾಡು

ವಾಲೀಕಾರ ನಾ ಹೇಳ್ತೀನಿ. ಇದು ಓಲೆಕಾರ. ಓಲೆ ಅಂದ್ರ ತಾಳೆಗರಿ ಪತ್ರ. ಓಲೆ ಒಯ್ಯೋನು, ಚಾವಡಿ ಹುಕುಂ ಊರೆಲ್ಲಾ ಮುಟ್ಟಿಸೋನು, ಕಂದಾಯದ ಹೊತ್ತಿಗೆ ಒಕ್ಕಲಿಗರನ್ನ ಕರಕೊಂಡು ಬರೋನು. ಓಲಗ ಅನ್ನೋದನ್ನ ವಾಲಗ ಅಂತೀವಲ್ಲ, ಹಂಗೇ ಓಲೆ ವಾಲಿ ಆಯ್ತು. ಮಾತಿನ ಕೊನೀ 'ಎ' ನಮ್ಮ ಕಡೆ 'ಇ' ಆಗೇ ಆಗ್ತದ: ಮನೆ ಮನಿ, ಶಾಲೆ ಸಾಲಿ, ಓಲೆ ವಾಲಿ. ಎರಡೂ ಬದಲಾವಣಿ ಒಂದೇ ಹೆಸರಿನಾಗ ಕೂಡಿದ್ದರಿಂದ ಮೂಲ ಗುರ್ತು ಸಿಗಲ್ಲ, ಅಷ್ಟೇ.

ತಳವಾರ ಹಳೇ ಕನ್ನಡ ಶಬ್ದ, ಶಾಸನದಾಗ 'ತಳಾರ' ಅಂತ ಸಿಗ್ತದ. ಊರ ಕಾವಲಿನವ. ಇಲ್ಲಿ ಒಂದು ಮಾತು ಗಟ್ಟಿಯಾಗಿ ಹೇಳಬೇಕು: ತಳವಾರ, ವಾಲೀಕಾರ, ನಾಯಕ, ಪಾಟೀಲ ಇವೆಲ್ಲ ಕೆಲಸದ, ಪದವಿಯ ಹೆಸರು. ಒಂದೇ ಅಡ್ಡಹೆಸರು ಬ್ಯಾರೆ ಬ್ಯಾರೆ ಸಮುದಾಯದವರಿಗೆ ಅದ. ಪಾಟೀಲರು ಲಿಂಗಾಯತರೂ ಇದ್ದಾರ, ಮುಸಲ್ಮಾನರೂ ಇದ್ದಾರ, ಕುರುಬರೂ ಇದ್ದಾರ. ಹೆಸರು ನೋಡಿ ಜಾತಿ ಹೇಳೋದು, ಜಾತಿ ನೋಡಿ ಹೆಸರಿನ ಅರ್ಥ ಕಟ್ಟೋದು ಎರಡೂ ತಪ್ಪು.

ಬಿದ್ರಿ ಹೂ

ಬಿರಾದಾರ ಯಾರೂ ಮುಟ್ಟಲಿಲ್ಲ. ಬೀದರ ಜಿಲ್ಲೆಯಲ್ಲಿ ಹತ್ತು ಹೆಜ್ಜೆಗೆ ಒಬ್ಬ ಬಿರಾದಾರರು ಸಿಗುತ್ತಾರೆ. ಪಾರಸಿಯಲ್ಲಿ 'ಬಿರಾದರ್' ಅಂದರೆ ಅಣ್ಣತಮ್ಮ. ಪಾಟೀಲಕಿ ಹಿರಿಯನಿಗೆ ಹೋಯಿತು, ಉಳಿದ ಭಾವಬಂದರು ಬಿರಾದಾರರಾದರು ಅಂತ ಹಿರಿಯರು ಹೇಳುವುದುಂಟು. ಅದೇ ಸರಿ ಅನ್ನಿಸುತ್ತದೆ.

ಹಳೇ ದಫ್ತರ

ಅಕ್ಕಾ, ಆ ವಿವರಣೆಗೆ ಎರಡು ಅಡ್ಡಿ ಇವೆ. ಪಾರಸಿ ಮಾತಿನ ಕೊನೆ ಹ್ರಸ್ವ: ಬಿರಾ-ದರ್. ನಮ್ಮ ಹೆಸರಿನ ಕೊನೆ ದೀರ್ಘ: ಬಿರಾ-ದಾರ. ಉರ್ದುವಿನಲ್ಲಿ ದೀರ್ಘಕ್ಕೆ ಅಲಿಫ್ ಬರೆಯಲೇಬೇಕು, ಹ್ರಸ್ವಕ್ಕೆ ಬೇಡ, ಹಾಗಾಗಿ ಬರಹದಲ್ಲಿ ಈ ಎರಡು ಬೆರೆಯುವುದು ಕಡಿಮೆ. ಎರಡನೆಯದು, ಗಡಿ ದಾಟಿ ಸೊಲ್ಲಾಪುರ, ಲಾತೂರ ಕಡೆ ಹೋದರೆ 'ಬಿರಾಜದಾರ' ಅಂತ ಸಿಗುತ್ತದೆ. ಆ 'ಜ' ಅಣ್ಣತಮ್ಮ ಎಂಬ ಮಾತಿನಲ್ಲಿ ಇಲ್ಲ.

ಬಿದ್ರಿ ಹೂ

ಸರಿ. ಆದರೆ 'ದಾರ' ಬಾಲದ ಹೆಸರು ಸುತ್ತೆಲ್ಲಾ ಇರುವಾಗ ಬಿರಾದರ್ ಎಂಬ ಮಾತೂ ಅದೇ ಅಚ್ಚಿಗೆ ಬಿದ್ದು ಬಿರಾದಾರ ಆಗಿರಬಹುದಲ್ಲ? ಜನ ತಿಳಿದ ಮಾತಿನ ಕಡೆ ತಿಳಿಯದ ಮಾತನ್ನು ಎಳೆದುಕೊಳ್ಳುತ್ತಾರೆ. ಇನಾಮದಾರ, ಜಮಾದಾರರ ನಡುವೆ ಬಿರಾದರ್ ಒಂಟಿಯಾಗಿ ಉಳಿಯುವುದು ಕಷ್ಟ.

ಹಳೇ ದಫ್ತರ

ಅದು ಒಪ್ಪುವ ಮಾತು. 'ಬಿರುದು + ದಾರ' ಅಂತ ಕೆಲವರು ಬಿಡಿಸುತ್ತಾರಲ್ಲ, ಅದಕ್ಕಿಂತ ನಿಮ್ಮ ದಾರಿ ಮೇಲು. ಬಿರುದು ಆಗಿದ್ದರೆ 'ರು' ಹೋಗಿ 'ರಾ' ಬರಲು ಕಾರಣವೇ ಇಲ್ಲ. ಬಿರಾಜದಾರಕ್ಕೆ ಲೆಕ್ಕ ಸಿಗುವವರೆಗೆ ಮಾತ್ರ ನಾನು ಇದನ್ನು ಮುಗಿದ ಪ್ರಶ್ನೆ ಅನ್ನಲಾರೆ.

ಸಾಲಿ ಮಾಸ್ತರ

ಹೆಸರಿನ ಬಾಲದ ವ್ಯಾಕರಣ ತಿಳಿದರೆ ಅರ್ಧ ಗೊಂದಲ ಕಳೆಯುತ್ತದೆ. ಉತ್ತರ ಕರ್ನಾಟಕದ ಅಡ್ಡಹೆಸರಲ್ಲಿ ಬಹಳಷ್ಟು ಷಷ್ಠೀ ವಿಭಕ್ತಿಯವು. ಊರೊಳಗೆ ಬಂದವ 'ಬಡಿಗ್ಯಾರ ಮನಿ ಎಲ್ಲದ?' ಅಂತ ಕೇಳುತ್ತಾನೆ. ಆ ಮಾತಿನ ಮೊದಲ ತುಂಡೇ 'ಬಡಿಗೇರ' ಆಗಿ ಹಾಜರಿ ಪುಸ್ತಕಕ್ಕೆ ಹತ್ತಿತು. ಗಾಣಿಗೇರ, ಅಂಬಿಗರ, ಮಾದರ, ಕುರುಬರ ಎಲ್ಲವೂ ಹೀಗೆ; ಮುಂದೆ 'ಮನಿ' ಅಥವಾ 'ಮಂದಿ' ಅಡಗಿದೆ. ಅದಕ್ಕೇ ಇವು ಬಹುವಚನದಲ್ಲಿವೆ, ಒಬ್ಬನ ಹೆಸರಾದರೂ. ಬಡಗಿ ಎಂಬುದು ಸಂಸ್ಕೃತದ 'ವರ್ಧಕಿ'ಯ ತದ್ಭವ.

ಹಡಪದ ಎಂಬುದು ಏಕವಚನದ ಷಷ್ಠಿ. ಹಡಪ ಅಂದರೆ ಎಲೆ ಅಡಿಕೆಯ ಚೀಲ. ಕಲ್ಯಾಣದಲ್ಲಿ ಬಸವಣ್ಣನವರ ಜೊತೆಗಿದ್ದ ಹಡಪದ ಅಪ್ಪಣ್ಣನವರ ಹೆಸರಲ್ಲಿ ಅದು ಹನ್ನೆರಡನೇ ಶತಮಾನದಿಂದ ಇದೆ. ಕ್ಷೌರಿಕ ಕಾಯಕಕ್ಕೆ ಆ ಹೆಸರು ಅಂಟಿದ್ದು ಆ ಶರಣರ ಪರಂಪರೆಯಿಂದ, ಮಾತಿನ ಒಳಗಿನ ಅರ್ಥದಿಂದಲ್ಲ.

ಬೀದರ ಕಡೆ ಬಡಿಗೇರ, ಪತ್ತಾರ, ಕಂಬಾರರ ಜಾಗದಲ್ಲಿ 'ಪಾಂಚಾಳ' ಹೆಚ್ಚು. ಐದು ಕಸುಬು ಸೇರಿಸಿ ಹೇಳುವ ಹೆಸರು ಅದು. ಕಬ್ಬಿಣ, ಮರ, ಕಂಚು, ಕಲ್ಲು, ಬಂಗಾರ. ಕಲಬುರಗಿಯಿಂದ ಯಾದಗಿರಿಯತ್ತ ಇಳಿದರೆ ಬಿಡಿ ಕಸುಬಿನ ಹೆಸರು ಮತ್ತೆ ಕಾಣುತ್ತವೆ.

ಜಂಗಮ ಮನೆತನಗಳಲ್ಲಿ 'ಮಠ' ಬಾಲ. ಹಿರೇಮಠ ದೊಡ್ಡ ಮಠದವರು. ಸಾಲಿಮಠ ಅಂದರೆ ಮಠದಲ್ಲಿ ಸಾಲಿ ನಡೆಸಿದವರು, ಅಕ್ಷರ ಕಲಿಸಿದವರು. ಗದ್ದಗಿಮಠ ಅಂದರೆ ಗದ್ದುಗೆ ಇರುವ ಮಠ. ಮಠಪತಿ ಅಂದರೆ ಊರಿನ ಮದುವೆ, ಅಂತ್ಯಕ್ರಿಯೆ, ಲಿಂಗದೀಕ್ಷೆಗೆ ಬರಬೇಕಾದ ಅಯ್ಯನವರು. ಇಟ್ಟ ಹೆಸರಲ್ಲೂ ಗುರುತು ಸಿಗುತ್ತದೆ: ಜಂಗಮರಲ್ಲಿ ಹೆಚ್ಚಾಗಿ ಶರಣಯ್ಯ, ಮಲ್ಲಯ್ಯ, ಭಕ್ತ ಮನೆಗಳಲ್ಲಿ ಶರಣಪ್ಪ, ಮಲ್ಲಪ್ಪ.

ಊರ ಹೆಸರಿನಿಂದ ಬಂದದ್ದು ಇನ್ನೊಂದು ದೊಡ್ಡ ಗುಂಪು. ಊರಲ್ಲೇ ಇರುವವನನ್ನು ಊರ ಹೆಸರಿನಿಂದ ಯಾರೂ ಕರೆಯುವುದಿಲ್ಲ, ಬಿಟ್ಟು ಬಂದವನಿಗಷ್ಟೇ ಅದು ಅಂಟುತ್ತದೆ. ಸಂಶೋಧಕರಾದ ಎಂ. ಎಂ. ಕಲಬುರ್ಗಿಯವರನ್ನೇ ನೋಡಿ: ಹುಟ್ಟಿದ್ದು ಸಿಂದಗಿ ತಾಲ್ಲೂಕಿನ ಯರಗಲ್‌ನಲ್ಲಿ, ಬಾಳಿದ್ದು ಧಾರವಾಡದಲ್ಲಿ. ಆದ್ದರಿಂದ ಅಡ್ಡಹೆಸರು ಆಳಂದ ಅಂತಿದ್ದರೆ ಆಳಂದದಲ್ಲಿ ಆ ಹೆಸರಿನವರನ್ನು ಹುಡುಕಿ ಉಪಯೋಗವಿಲ್ಲ. ಅಲ್ಲಿ ಉಳಿದ ಅಣ್ಣತಮ್ಮಂದಿರಿಗೆ ಬೇರೆಯದೇ ಅಡ್ಡಹೆಸರು ಇರುತ್ತದೆ. ಇದನ್ನು ಬಹಳ ಮಂದಿ ಮರೆತು ದಾರಿ ತಪ್ಪುತ್ತಾರೆ.

ಗಡಿನಾಡು ಗುರುಮಠಕಲ್

ಮಾಸ್ತರೇ, ಊರ ಹೆಸರಿಗೆ ಹತ್ತೋ ಬಾಲದಲ್ಲೂ ಮೂರು ಥರ ಇದೆ, ಸೇರಿಸಿಬಿಡಿ. ಕನ್ನಡದ ರೂಢಿಯಲ್ಲಿ ಊರ ಹೆಸರೇ ಸಾಕು, ಬಾಲ ಬೇಡ: ಚಿಂಚೋಳಿ, ಸೇಡಂ, ಜೇವರ್ಗಿ. ಮರಾಠಿಯಲ್ಲಿ 'ಕರ್' ಸೇರುತ್ತದೆ. ಉರ್ದುವಿನಲ್ಲಿ 'ಈ' ಅಥವಾ 'ವಿ': ಬೀದರಿ, ಗುಲ್ಬರ್ಗವಿ. ಬಿದ್ರಿ ಕಲೆಯ ಹೆಸರೂ ಇದೇ ಅಚ್ಚಿನದು, ಬೀದರಿನದು ಅಂತ.

ಗುರುಮಠಕಲ್, ಸೇಡಂ ಗಡಿಯಲ್ಲಿ ತೆಲುಗಿನ ಪದ್ಧತಿ ಬೇರೆ. ಅಲ್ಲಿ 'ಇಂಟಿ ಪೇರು', ಅಂದರೆ ಮನೆ ಹೆಸರು, ಮೊದಲು ಬರುತ್ತದೆ, ಸ್ವಂತ ಹೆಸರು ಆಮೇಲೆ. ನಮ್ಮದರಲ್ಲಿ ಸ್ವಂತ ಹೆಸರು, ಅಪ್ಪನ ಹೆಸರು, ಅಡ್ಡಹೆಸರು. ಎಂ. ಎಂ. ಕಲಬುರ್ಗಿಯವರದು ಮಲ್ಲೇಶಪ್ಪ ಮಡಿವಾಳಪ್ಪ ಕಲಬುರ್ಗಿ, ಇದೇ ಸಾಲು. ಮೈಸೂರು ಕಡೆ ಊರಿನ, ಅಪ್ಪನ ಇನಿಷಿಯಲ್ ಮುಂದೆ, ಸ್ವಂತ ಹೆಸರು ಕೊನೆಗೆ. ಬೆಂಗಳೂರಿಗೆ ಓದಲು ಹೋದ ನಮ್ಮ ಹುಡುಗರ ಹೆಸರನ್ನು ಅಲ್ಲಿನ ಗುಮಾಸ್ತರು ತಿರುವಿ ಬರೆದರೆ ಅಡ್ಡಹೆಸರು ಒಂದಕ್ಷರಕ್ಕೆ ಇಳಿಯುತ್ತದೆ. ಮುಂದೆ ಅದನ್ನು ಬಿಡಿಸಿ ಬರೆಸಲು ಪಡುವ ಪಾಡು ಸಣ್ಣದಲ್ಲ.

ಹಳೇ ದಫ್ತರ

ಈಗ ಎರಡನೇ ಪ್ರಶ್ನೆ: ದಾಖಲೆಯಿಂದ ದಾಖಲೆಗೆ ಹೆಸರು ಬದಲಾಗುವುದು. ಮೂಲ ಕಾರಣ ಲಿಪಿ. ನಿಜಾಮರ ಕಾಲದ ಭೂದಾಖಲೆ, ಸೇತವಾರ (ಸರ್ವೆ ನಂಬರುವಾರು ಜಮೀನಿನ ಪಟ್ಟಿ), ವಸೂಲಿ ಪುಸ್ತಕ ಎಲ್ಲ ಉರ್ದುವಿನಲ್ಲಿ, ಅದೂ ಶಿಕಸ್ತಾ ಎಂಬ ಕೂಡು ಬರಹದಲ್ಲಿ. ಕನ್ನಡದ ಹೆಸರು ಆ ಲಿಪಿಗೆ ಹೋಗಿ, ಅಲ್ಲಿಂದ ಇಂಗ್ಲಿಷಿಗೆ ಬಂದು, ಮತ್ತೆ ಕನ್ನಡಕ್ಕೆ ತಿರುಗುವಷ್ಟರಲ್ಲಿ ಏನಾಗುತ್ತದೆ ನೋಡಿ.

ಉರ್ದುವಿನಲ್ಲಿ ಳ ಇಲ್ಲ, ಲಾಮ್ ಒಂದೇ. ಣ ಇಲ್ಲ, ನೂನ್ ಒಂದೇ. ವಾವ್ ಎಂಬ ಒಂದೇ ಅಕ್ಷರ ಊ, ಒ, ಓ, ವ ಎಲ್ಲಕ್ಕೂ. ಯೇ ಎಂಬ ಒಂದೇ ಅಕ್ಷರ ಈ, ಎ, ಏ, ಯ ಎಲ್ಲಕ್ಕೂ; ಮಾತಿನ ಕೊನೆಯಲ್ಲಿ ಈ, ಏ ಬೇರೆ ತೋರಿಸಲು ಎರಡು ಆಕಾರ ಇವೆ, ಹಳೇ ಕೂಡು ಬರಹದಲ್ಲಿ ಅವೂ ಬೆರೆಯುತ್ತವೆ. ಹ್ರಸ್ವ ಸ್ವರದ ಗುರುತುಗಳಾದ ಜಬರ್, ಜೇರ್, ಪೇಶ್ ಬರೆಯುವ ರೂಢಿಯೇ ಇಲ್ಲ. ಒತ್ತಕ್ಷರಕ್ಕೆ ತಷ್ದೀದ್ ಎಂಬ ಗುರುತಿದೆ, ಅವಸರದ ಕೈಯಲ್ಲಿ ಅದೂ ಬಿಟ್ಟುಹೋಗುತ್ತದೆ. ಟ, ಡ ತೋರಿಸಲು ಅಕ್ಷರದ ತಲೆ ಮೇಲೆ ಪುಟ್ಟ ತೋಯ್ ಇಡಬೇಕು. ಅದು ಬಿಟ್ಟರೆ ತ, ದ ಅಂತ ಓದಬೇಕಾಗುತ್ತದೆ.

ಹತ್ತಿರದಿಂದ ನೋಡಲು ಒಂದೇ ಮಾತು ತೆಗೆದುಕೊಳ್ಳಿ: ಹೇ, ವಾವ್, ಲಾಮ್, ಯೇ, ನಾಲ್ಕೇ ಅಕ್ಷರ. ಇದನ್ನು ಹೊಳೆ ಅಂತ ಓದಬಹುದು, ಹೋಳಿ ಅಂತಲೂ, ಹೂಲಿ ಅಂತಲೂ, ಹೊಲಿ ಅಂತಲೂ. ಊರು ಗೊತ್ತಿದ್ದವನಿಗೆ ಮಾತ್ರ ಸರಿ ಓದು ಗೊತ್ತು. ಮಾಳಪ್ಪ ಮಾಲಪ್ಪ ಆದದ್ದು, ಶರಣಪ್ಪ 'ಶರಣಪಾ' ಆದದ್ದು ಹೀಗೇ. ಮಾಳಪ್ಪ ಮಾಳಿಂಗರಾಯ ದೇವರ ಹೆಸರು. ಮಾಲಪ್ಪ ಅಂತ ಓದಿ 'ಹೂಮಾಲೆ' ಅಂತ ಅರ್ಥ ಹೇಳಿದರೆ ಮನೆದೇವರೇ ಬದಲಾದ ಹಾಗಾಯಿತು.

ವರ್ಷದ ಲೆಕ್ಕವೂ ಬೇಕಾಗುತ್ತದೆ. ಹಳೇ ಕಾಗದದಲ್ಲಿ ಫಸಲಿ ಸಾಲು, ಅಂದರೆ ಕಂದಾಯದ ವರ್ಷ, ಇರುತ್ತದೆ. ಹೈದರಾಬಾದ್ ಫಸಲಿ ವರ್ಷ ಆಜೂರ್ ತಿಂಗಳಿಂದ, ಅಂದರೆ ಅಕ್ಟೋಬರ್ ಮೊದಲ ವಾರದಿಂದ ಶುರು. ಅಕ್ಟೋಬರ್‌ನಿಂದ ಡಿಸೆಂಬರ್ ತನಕದ ತಾರೀಖಿಗೆ 590 ಕೂಡಿಸಿ, ಜನವರಿಯಿಂದ ಮುಂದಿನದಕ್ಕೆ 591. 1340 ಫಸಲಿ ಅಂದರೆ 1930ರ ಅಕ್ಟೋಬರ್‌ನಿಂದ 1931ರ ಅಕ್ಟೋಬರ್. ಎಲ್ಲದಕ್ಕೂ 590 ಅಂತ ಹಿಡಿದರೆ ಒಂದು ವರ್ಷ ಹಿಂದೆ ಬೀಳುತ್ತೀರಿ, ತಂದೆ ತೀರಿಕೊಂಡ ಮೇಲೆ ಮಗ ಹುಟ್ಟಿದ ಹಾಗೆ ವಂಶಾವಳಿ ತಪ್ಪುತ್ತದೆ.

1954-55ರ ಖಾಸ್ರಾ ಪಹಣಿ ಈ ಕೆಲಸಕ್ಕೆ ಒಳ್ಳೆಯ ಕೊಂಡಿ. ಹಳೇ ಸೇತವಾರದ ಹೆಸರಿಗೂ ಈಗಿನ ಪಹಣಿಯ ಹೆಸರಿಗೂ ನಡುವೆ ನಿಲ್ಲುವುದು ಅದೇ. ಸರ್ವೆ ನಂಬರ್ ಹಿಡಿದು ಮೂರನ್ನೂ ಪಕ್ಕಪಕ್ಕ ಇಟ್ಟು ನೋಡಿ. ಹೆಸರು ಹಿಡಿದು ಹುಡುಕಿದರೆ ಸಿಗದು, ಸರ್ವೆ ನಂಬರ್ ಹಿಡಿದರೆ ಸಿಗುತ್ತದೆ. ಹಿಸ್ಸಾ ಆಗಿದ್ದರೆ ಮೂಲ ನಂಬರಿಗೆ ಹೋಗಿ.

ಭೀಮಾ ದಂಡಿ

ಅಡ್ಡಹೆಸರು ಆಯ್ತು, ಇಟ್ಟ ಹೆಸರಿಗೆ ಬರೋಣ್ರಿ. ನಮ್ಮ ಕಡೀ ಹೆಸರು ಅಂದ್ರ ಜಾತ್ರಿ ನಕಾಶೆ ಇದ್ದಂಗ. ಕೂಸಿನ ಹೆಸರು ಕೇಳಿದರ ಯಾವ ಗುಡಿಗಿ ನಡಕೊಳ್ತಾರ ಅಂತ ಸುಮಾರು ಹೇಳಬಹುದು.

ಕಲಬುರಗಿ ಶರಣಬಸವೇಶ್ವರರಿಂದ ಶರಣಬಸಪ್ಪ, ಶರಣಪ್ಪ, ಶರಣಮ್ಮ, ಶರಣಗೌಡ. ಶರಣರು ಹುಟ್ಟಿದ್ದು ಜೇವರ್ಗಿ ತಾಲ್ಲೂಕಿನ ಅರಳಗುಂಡಗಿ. ಗಾಣಗಾಪುರ ದತ್ತನಿಂದ ದತ್ತಪ್ಪ, ದತ್ತು, ಗುರುನಾಥ. ಘತ್ತರಗಿ ಭಾಗ್ಯವಂತಿಯಿಂದ ಭಾಗಮ್ಮ, ಭಾಗಣ್ಣ, ಭಾಗಪ್ಪ. ದೇವಿ ಹೆಸರು ಗಂಡು ಮಕ್ಕಳಿಗೂ ಬರ್ತದ. ಹುಮನಾಬಾದದಾಗ ಎರಡು ಬೇರು: ವೀರಭದ್ರ ದೇವರಿಂದ ವೀರಭದ್ರಪ್ಪ, ಮಾಣಿಕನಗರದ ಮಾಣಿಕಪ್ರಭುಗಳಿಂದ (1817–1865) ಮಾಣಿಕಪ್ಪ, ಮಾಣಿಕರಾವ್. ರಟಕಲ್ ರೇವಣಸಿದ್ಧೇಶ್ವರನಿಂದ ರೇವಣಸಿದ್ದಪ್ಪ, ರೇವಪ್ಪ. ಸುರಪುರ ಸೀಮಿ ತಿಂಥಣಿ ಮೌನೇಶ್ವರನಿಂದ ಮೌನೇಶ, ಮೋನಪ್ಪ, ಮೋನಮ್ಮ.

ಬೀದರದ ಝರಣಿ ನರಸಿಂಹ ಗುಹೆಯಾಗ ಎದೀಮಟ ನೀರಿನಾಗ ನಡಕೊಂಡು ಹೋಗಿ ದೇವರ ದರ್ಶನ ಮಾಡ್ತಾರ. ಝರಣಪ್ಪ ಅನ್ನೋ ಹೆಸರು ಅಲ್ಲಿಂದ. ಇದನ್ನ ಬ್ಯಾರೆ ಜಿಲ್ಲೆದಾಗ ಕೇಳಲ್ಲ. ದಾಖಲೆದಾಗ 'ಝ' ಹೋಗಿ ಜರಣಪ್ಪ ಆಗ್ತದ, ಬರೆಸೋವಾಗ ಎಚ್ಚರ ಇರಬೇಕು.

ಮೈಲಾರನ ಹೆಸರಿನ ವಿಷಯ ಬಹಳ ಛಲೋ ಅದ. ಒಬ್ಬನೇ ದೇವರು, ಯಾದಗಿರಿ ಹತ್ರ ಮೈಲಾಪುರದಾಗ ಮಲ್ಲಯ್ಯ, ಭಾಲ್ಕಿ ಕಡೆ ಖಾನಾಪುರದಾಗ ಮೈಲಾರ ಮಲ್ಲಣ್ಣ, ಮರಾಠಿ ಮಾತಾಡೋರಿಗೆ ಖಂಡೋಬಾ. ಅದಕ್ಕೇ ಒಂದೇ ಹರಕಿಗೆ ಯಾದಗಿರಿದಾಗ ಮಲ್ಲಪ್ಪ ಅಂತಾರ, ಬೀದರದಾಗ ಮೈಲಾರಿ ಇಲ್ಲಾ ಖಂಡಪ್ಪ, ಖಂಡೇರಾವ್ ಅಂತಾರ. ಮೂರು ಬ್ಯಾರೆ ಹೆಸರು ಅಂತ ಮೂರು ಅರ್ಥ ಹೇಳಬ್ಯಾಡ್ರಿ.

ತುಳಜಾಪುರ ಅಂಬಾಭವಾನಿಯಿಂದ ಅಂಬಣ್ಣ, ಅಂಬಾದಾಸ, ತುಳಜಪ್ಪ. ಪಂಢರಪುರದಿಂದ ವಿಠ್ಠಲ, ಪಂಢರಿ. ಪರಳಿಯಿಂದ ವೈಜನಾಥ. ಇವು ಮಹಾರಾಷ್ಟ್ರದ ಕ್ಷೇತ್ರ ಆದ್ರೂ ನಡಕೊಳ್ಳೋ ಮಂದಿ ಇಲ್ಲೇ ಬಹಳ.

ಬಿದ್ರಿ ಹೂ

ದರ್ಗಾ ಮತ್ತು ಮೊಹರಮ್ಮಿನ ಹೆಸರು ಬಿಟ್ಟರೆ ನಕಾಶೆ ಅರ್ಧವೇ ಅಣ್ಣಾ. ಕಲಬುರಗಿಯ ಖಾಜಾ ಬಂದೇನವಾಜರು ತೀರಿಕೊಂಡದ್ದು 1422ರಲ್ಲಿ; ಇಂದಿಗೂ ಅವರ ಹೆಸರು ಮಕ್ಕಳಿಗೆ ಇಡುತ್ತಾರೆ. ಬಂದೇನವಾಜ್ ಅಂದರೆ ಸೇವಕರನ್ನು ಪೊರೆಯುವವರು. 'ಬಂದಾ' ಸೇವಕ, 'ನವಾಜ್' ದಯೆ ತೋರುವವ. ಹಿಂದೂ ಮನೆಗಳಲ್ಲಿ ಹುಸೇನಪ್ಪ, ಹುಸೇನಮ್ಮ, ಇಮಾಮಪ್ಪ, ಪೀರಪ್ಪ, ಫಕೀರಪ್ಪ, ಸಾಯಬಣ್ಣ ಎಂಬ ಹೆಸರುಗಳಿವೆ. ಕೂಸು ಬದುಕಲಿ ಅಂತ ಪೀರಗಳಿಗೆ ಹರಕೆ ಹೊತ್ತು, ಮೊಹರಮ್ಮಿನಲ್ಲಿ ಫಕೀರ ಮಾಡಿ, ಅದೇ ಹೆಸರು ಇಡುವುದು. ಬಾಲ ನೋಡಿ: ಹುಸೇನ್ ಅರಬ್ಬಿ, 'ಅಪ್ಪ' ಅಚ್ಚ ಕನ್ನಡ. ಸಾಹೇಬ ಎಂಬುದು ಸಾಯಬ ಆಗಿ ಅದಕ್ಕೆ ಅಣ್ಣ ಸೇರಿ ಸಾಯಬಣ್ಣ. ಈ ಜೋಡಣೆ ನಮ್ಮ ನೆಲದ್ದು. ಈಚೆಗೆ ಕೆಲವರು ಇಂಥ ಹೆಸರನ್ನು ಮಕ್ಕಳ ದಾಖಲೆಯಲ್ಲಿ ಬದಲಿಸುತ್ತಿದ್ದಾರೆ, ನೋವಾಗುತ್ತದೆ. ಅಜ್ಜಿಯ ಹರಕೆ ಅದು.

ಸಗರನಾಡು

ಹರಕಿ ಹೆಸರಿನಾಗ ಇನ್ನೊಂದು ಜಾತಿ ಅದ. ಮುಂಚಿನ ಕೂಸುಗಳು ಉಳಿಯದಿದ್ರ ಮುಂದಿನದಕ್ಕ ಕೆಟ್ಟ ಕಣ್ಣು ಬೀಳಬಾರದಂತ ಬೆಲೆ ಇಲ್ಲದ ಹೆಸರಿಡ್ತಿದ್ರು. ತಿಪ್ಪಿ ಮ್ಯಾಲ ಮಲಗಿಸಿ ಎತ್ತಿಕೊಂಡ ಕೂಸು ತಿಪ್ಪಣ್ಣ, ತಿಪ್ಪಮ್ಮ. ಕಲ್ಲಿನಂಗ ಗಟ್ಟಿ ಇರಲಿ ಅಂತ ಕಲ್ಲಪ್ಪ, ಗುಂಡಪ್ಪ. ಸಾಕು ಇನ್ನ ಹೆಣ್ಣು ಅಂತ ಸಾಕವ್ವ. ಈ ಹೆಸರು ಇಟ್ಟವರು ತಾತ್ಸಾರ ಮಾಡಿ ಇಟ್ಟಿಲ್ಲ, ಸಾಕವ್ವ ಒಂದು ಬಿಟ್ಟು. ಜೀವ ಉಳಿಸ್ಕೊಳ್ಳಾಕ ಇಟ್ಟಾರ.

ಉಚ್ಚಾರದ ಮಾತೂ ಸೇರಿಸ್ತೀನಿ. ಹನುಮಂತ ನಮ್ಮಲ್ಲಿ ಹಣಮಂತ. ದೇವೇಂದ್ರಪ್ಪ ನಮ್ಮಲ್ಲಿ ದೇವಿಂದ್ರಪ್ಪ. ಇವು ತಪ್ಪಲ್ಲ, ಸೀಮಿ ರೂಪ. ಸಾಲಿಗಿ ಸೇರಿಸೋವಾಗ 'ತಿದ್ದಿ' ಹನುಮಂತ ಮಾಡಿಬಿಡ್ತಾರ, ಅಪ್ಪನ ಪಹಣಿ ಮಾತ್ರ ಹಣಮಂತ ಅಂತಲೇ ಉಳೀತದ. ಇಪ್ಪತ್ತು ವರ್ಷದ ಮ್ಯಾಲ ಪೋತಿ ಖಾತೆ (ತೀರಿಕೊಂಡವರ ಜಮೀನು ವಾರಸುದಾರರ ಹೆಸರಿಗೆ) ಮಾಡಿಸಾಕ ಹೋದಾಗ ತಂದೆ ಹೆಸರು ಕೂಡಿ ಬರಲ್ಲ.

ಸಾಲಿ ಮಾಸ್ತರ

ಬಸವ ಎಂಬ ಮಾತು ಯಾರೂ ಕೇಳಲಿಲ್ಲ, ಆದರೂ ಒಂದು ಸಾಲು: ಸಂಸ್ಕೃತ ವೃಷಭ, ಪ್ರಾಕೃತದಲ್ಲಿ ವಸಹ, ಕನ್ನಡದಲ್ಲಿ ಬಸವ. ಹಾಗಾಗಿ ಬಸವರಾಜ, ವೃಷಭೇಂದ್ರ ಎರಡೂ ಒಂದೇ ಬೇರಿನವು.

ತೊಗರಿ ಕಣಜ

ಎಲ್ಲರಿಗೂ ಶರಣು. ಮೂರನೇ ಪ್ರಶ್ನೆ ಬಾಕಿ ಉಳೀತು. ಕೂಸಿನ ಹೆಸರು ದಾಖಲೆಗೆ ಹಾಕೋದು.

ಗಡಿನಾಡು ಗುರುಮಠಕಲ್

ಹೇಳ್ತೀನಿ. ಆಸ್ಪತ್ರೆಯಲ್ಲಿ ಹುಟ್ಟಿದ ತಕ್ಷಣ ಜನನ ನೋಂದಣಿ ಆಗುತ್ತದೆ, ಹೆಸರಿಲ್ಲದೆಯೂ ಆಗುತ್ತದೆ. ನೋಂದಣಿಯಾದ 12 ತಿಂಗಳ ಒಳಗೆ ಹೆಸರು ಸೇರಿಸಲು ಶುಲ್ಕವಿಲ್ಲ. ಆಮೇಲೆ ತಡದ ಶುಲ್ಕ ಕಟ್ಟಿ 15 ವರ್ಷದ ತನಕ ಸೇರಿಸಬಹುದು. ಅವಸರದಲ್ಲಿ ಏನೋ ಒಂದು ಬರೆಸಿ ಆಮೇಲೆ ತಿದ್ದುಪಡಿಗೆ ಅಲೆಯುವುದಕ್ಕಿಂತ, ತೊಟ್ಟಿಲು ಕಾರ್ಯ ಮುಗಿದ ಮೇಲೆ ಮನೆಮಂದಿ ಕೂತು ನಿಕ್ಕಿ ಮಾಡಿ ಒಂದೇ ಸಲ ಸೇರಿಸುವುದು ಮೇಲು. 2023ರ ಅಕ್ಟೋಬರ್ 1ರಿಂದ ಹುಟ್ಟಿದವರಿಗೆ ಸಾಲಿ ಪ್ರವೇಶ, ಪಾಸ್‌ಪೋರ್ಟ್, ಮತದಾರರ ಪಟ್ಟಿ ಎಲ್ಲಕ್ಕೂ ಹುಟ್ಟಿದ ದಿನದ ಆಧಾರ ಜನನ ಪ್ರಮಾಣಪತ್ರವೇ. ಮೊದಲಿನ ಹಾಗೆ ಸಾಲಿ ದಾಖಲೆ ತೋರಿಸಿ ನಡೆಸಲು ಬರುವುದಿಲ್ಲ.

ಬರೆಸುವ ಮುನ್ನ ತಂದೆ ತಾಯಿಯ ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡ್, ಆಧಾರ್, ಮನೆಯ ಪಹಣಿ ಮೂರನ್ನೂ ಎದುರಿಗಿಟ್ಟುಕೊಳ್ಳಿ. ಅಡ್ಡಹೆಸರು ಮೂರರಲ್ಲೂ ಒಂದೇ ಇದೆಯೇ ನೋಡಿ. ಬೇರೆ ಇದ್ದರೆ ಮೊದಲು ದೊಡ್ಡವರದು ಸರಿ ಮಾಡಿಸಿ, ಆಮೇಲೆ ಕೂಸಿನದು. ಹಿಂದುಮುಂದಾದರೆ ತಪ್ಪು ಇನ್ನೊಂದು ತಲೆಮಾರಿಗೆ ಹೋಗುತ್ತದೆ. ಪೂರ್ತಿ ಹೆಸರು ಬರೆಸಿ: ಸ್ವಂತ ಹೆಸರು, ತಂದೆ ಹೆಸರು, ಅಡ್ಡಹೆಸರು. ಇನಿಷಿಯಲ್ ಬೇಡವೇ ಬೇಡ. ಆಧಾರ್‌ನಲ್ಲಿ ಹೆಸರು ಬದಲಿಸಲು ಜೀವಮಾನದಲ್ಲಿ ಎರಡೇ ಅವಕಾಶ, ಒಂದನ್ನು ಕಾಗುಣಿತಕ್ಕೆ ಕಳೆದುಕೊಳ್ಳಬೇಡಿ.

ಅರ್ಜಿಯ ಕನ್ನಡ ಕಾಲಂ ಮತ್ತು ಇಂಗ್ಲಿಷ್ ಕಾಲಂ ಎರಡನ್ನೂ ನೀವೇ ತುಂಬಿ. ಇಂಗ್ಲಿಷ್ ನೋಡಿ ಕನ್ನಡ ಬರೆಯಲು ಬಿಟ್ಟರೆ ಳ ಹೋಗಿ ಲ ಬರುತ್ತದೆ, ಣ ಹೋಗಿ ನ ಬರುತ್ತದೆ. ಮೇಲೆ ಉರ್ದು ಬಗ್ಗೆ ಹೇಳಿದ ತೊಂದರೆಯೇ ಇಂಗ್ಲಿಷಿನಲ್ಲೂ ಇದೆ. ಮುದ್ರಣಕ್ಕೆ ಮುಂಚೆ ಪರದೆಯ ಮೇಲೆ ಅಕ್ಷರ ಅಕ್ಷರ ಓದಿ ಹೇಳಿ ಅಂತ ಕೇಳಿಕೊಳ್ಳಿ.

ಹೆಣ್ಣುಮಕ್ಕಳ ವಿಷಯದಲ್ಲಿ ಇನ್ನೂ ಎಚ್ಚರ ಬೇಕು. ಮದುವೆಯಾದ ಮೇಲೆ ನಡುವಿನ ಹೆಸರು ಗಂಡನದು, ಅಡ್ಡಹೆಸರು ಗಂಡನ ಮನೆಯದು. ತವರಿನ ಆಸ್ತಿಯ ಪಾಲು ಬಂದಾಗ, ಓದಿದ ಪ್ರಮಾಣಪತ್ರ ತೋರಿಸಬೇಕಾದಾಗ ಇಬ್ಬರು ಬೇರೆ ಬೇರೆ ಹೆಂಗಸರು ಅನ್ನುವ ಹಾಗೆ ಕಾಣುತ್ತದೆ. ಹೆಸರು ಬದಲಿಸಲೇಬೇಕು ಅಂತ ಕಾನೂನಿಲ್ಲ. ಬದಲಿಸಿದ್ದರೆ ಮದುವೆ ನೋಂದಣಿ ಪತ್ರ ಮತ್ತು ಇಬ್ಬರೂ ಒಬ್ಬರೇ ಎಂಬ ಪ್ರಮಾಣಪತ್ರ ಮಾಡಿಸಿ ಇಟ್ಟುಕೊಳ್ಳಿ. 371(ಜೆ) ಅರ್ಹತಾ ಪತ್ರಕ್ಕೆ (ನಮ್ಮ ಭಾಗದವರಿಗಿರುವ ಮೀಸಲಾತಿಯ ಪತ್ರ) ಹಾಕುವಾಗ ಅಭ್ಯರ್ಥಿಯ ಹೆಸರು ಸಾಲಿ ದಾಖಲೆಗೆ, ತಂದೆಯ ಹೆಸರು ತಂದೆಯ ದಾಖಲೆಗೆ ಕೂಡಬೇಕು. ಅರ್ಜಿ ಸಿಕ್ಕಿಹಾಕಿಕೊಳ್ಳುವುದು ಹೆಚ್ಚಾಗಿ ಎರಡನೆಯದರಲ್ಲಿ.

ಭೀಮಾ ದಂಡಿ

ಮನೆತನದ ಮೂಲ ಹುಡುಕೋರು ಹೆಳವರನ್ನ ಮರೀಬ್ಯಾಡ್ರಿ. ಎತ್ತಿನ ಗಾಡಿ ಕಟ್ಟಿಕೊಂಡು ಒಕ್ಕಲಿಗರ ಮನಿಗೆ ಬಂದು ವಂಶಾವಳಿ ಹೇಳೋ ಮಂದಿ. ಯಾವ ಊರಿಂದ ಯಾವ ಊರಿಗೆ ಬಂದ್ರಿ, ಬೆಡಗು ಯಾವುದು, ಮನೆದೇವರು ಯಾರು, ಎಷ್ಟು ಮಂದಿ ಅಣ್ಣತಮ್ಮಂದಿರು ಕವಲೊಡೆದ್ರು ಅಂತ ಅವರ ಚೋಪಡಿದಾಗ ಇರ್ತದ. ಕೆಲವು ವರ್ಷಕ್ಕೊಮ್ಮೆ ಬರ್ತಾರ, ಬಂದಾಗ ಕಾಳು ಕಡಿ, ಬಟ್ಟಿ ಕೊಟ್ಟು ಕಳಿಸೋ ಪದ್ಧತಿ. ಅವರು ಹೇಳೋದನ್ನ ಮೊಬೈಲಿನಾಗ ಧ್ವನಿ ಹಿಡಿದು ಇಟ್ಕೋರಿ, ಅವರನ್ನ ಕೇಳಿ. ಎಲ್ಲಾ ಮಾತೂ ನಿಜ ಅಂತ ತಗೋಬ್ಯಾಡ್ರಿ; ರಾಜರ ವಂಶಕ್ಕ ಕೂಡಿಸೋ ಮೊದಲಿನ ಭಾಗ ಬಿಟ್ಟು, ಈಚಿನ ಐದಾರು ತಲೆಮಾರು ಮತ್ತ ಊರುಗಳ ಹೆಸರು ಪಹಣಿ ಜೊತೆ ಹೋಲಿಸಿ ನೋಡ್ರಿ.

ಬಿದ್ರಿ ಹೂ

ಊರು ಹುಡುಕುವವರಿಗೆ ಒಂದು ಮಾತು. ಬೀದರ ಜಿಲ್ಲೆಯ ಊರ ಹೆಸರಿನ ಮುಂದೆ 'ಬಿ', 'ಕೆ' ಅಂತ ಇರುತ್ತದೆ: ಹಳ್ಳಿಖೇಡ ಬಿ, ಹಳ್ಳಿಖೇಡ ಕೆ. ಬಿ ಅಂದರೆ ಬುಜುರ್ಗ್, ದೊಡ್ಡದು. ಕೆ ಅಂದರೆ ಖುರ್ದ್, ಸಣ್ಣದು. ಅಡ್ಡಹೆಸರಿಗೆ ಈ ಬಿ, ಕೆ ಬರುವುದಿಲ್ಲ. ಆದ್ದರಿಂದ ಎರಡೂ ಊರಲ್ಲಿ ಕೇಳಬೇಕು, ಒಂದರಲ್ಲಿ ಸಿಗಲಿಲ್ಲ ಅಂತ ಬಿಡಬಾರದು.

ತೊಗರಿ ಕಣಜ

ಹಳ್ಳಿಖೇಡ ಅಂದ ಕೂಡಲೇ ನೆನಪಾಯ್ತು. ಹಳ್ಳಿ ಅಂದ್ರ ಊರು, ಖೇಡ ಅಂದ್ರನೂ ಊರೇ ಅಲ್ಲೇನ್ರಿ?

ಸಾಲಿ ಮಾಸ್ತರ

ಹೌದು. ಸಂಸ್ಕೃತದ ಖೇಟ, ಸಣ್ಣ ಊರು, ಮರಾಠಿಯಲ್ಲಿ ಖೇಡ. ರಾಷ್ಟ್ರಕೂಟರ ಮಾನ್ಯಖೇಟ ಸೇಡಂ ತಾಲ್ಲೂಕಿನ ಮಳಖೇಡ ಆದದ್ದೂ ಇದೇ ದಾರಿಯಲ್ಲಿ, ಟ ಹೋಗಿ ಡ ಬಂತು. ಹಳ್ಳಿಖೇಡದಲ್ಲಿ ಕನ್ನಡದವರು ಹಳ್ಳಿ ಅಂದದ್ದಕ್ಕೆ ಮರಾಠಿಯವರು ಖೇಡ ಸೇರಿಸಿದರು, ಪಾರಸಿ ಬರೆಯುವ ಗುಮಾಸ್ತ ಬುಜುರ್ಗ್ ಸೇರಿಸಿದ, ಇಂಗ್ಲಿಷ್ ಬಲ್ಲವ ಅದನ್ನು ಬಿ ಅಂತ ಮೊಟಕು ಮಾಡಿದ. ಆ ಊರು ಬಿಟ್ಟು ಬಂದವರ ಅಡ್ಡಹೆಸರು ಹಳ್ಳಿಖೇಡ ಅಂತಲೂ ಇರಬಹುದು, ಮರಾಠಿ ಬಾಲ ಹತ್ತಿ ಹಳ್ಳಿಖೇಡಕರ್ ಅಂತಲೂ ಇರಬಹುದು. ಎರಡನ್ನೂ ಹುಡುಕಿ.